ದಡ ಮುಟ್ಟಿದ ದಿನದ ಕಾವಲು

ವಿಲ್ಹೆಲ್ಮ್ಸ್‌ಹಾಫನ್ ಎಂಬ ಜರ್ಮನಿಯ ಬಂದರೂರು ಹುಟ್ಟಿದ್ದೇ ನೌಕಾಪಡೆಗಾಗಿ. ಅಂದಿನ ಪ್ರಶ್ಯ ರಾಜ್ಯದವರು ಪಕ್ಕದ ದೊರೆಯಿಂದ ಒಂದಿಷ್ಟು ಕೆಸರು ತೀರ ಕೊಂಡುಕೊಂಡರು, ಬಂದರು ತೋಡಿದರು, ಅದಕ್ಕೆ ತಮ್ಮ ರಾಜನ ಹೆಸರಿಟ್ಟರು. ಕೆಸರು ಮಾರಿದವನಿಗಂತೂ ನಷ್ಟವಾಗಿರಲಾರದು. ಅಂದಿನಿಂದ ಇಲ್ಲಿ ಕೈಸರನ ಪಡೆ ಬಂತು, ಮುಳುಗಿತು. ಹಿಟ್ಲರನ ಪಡೆ ಬಂತು, ಅದೂ ಮುಳುಗಿತು. ಇಂಗ್ಲಿಷರು ಬಂದು ಹಡಗುಕಟ್ಟೆಗೆ ಮದ್ದಿಟ್ಟು ಉಡಾಯಿಸಿ ಹೋದರು. ಹತ್ತು ವರ್ಷ ಕಳೆಯುವಷ್ಟರಲ್ಲಿ ಹೊಸ ಸರ್ಕಾರ ಹೊಸ ಪಡೆ ಕಟ್ಟಿತು. ಅಂಗಡಿ ಅದೇ, ಬೋರ್ಡು ಮಾತ್ರ ಬೇರೆ.

ಹಾಬೋ ಟಾಮೆನ್‌ನ ಮನೆಯವರು ಮೂರೂ ಬೋರ್ಡುಗಳ ಕೆಳಗೆ ದುಡಿದವರು. ಅವನ ಅಜ್ಜ ಕೈಸರನ ಯುದ್ಧನೌಕೆಯೊಂದರಲ್ಲಿ ಬಾಯ್ಲರಿಗೆ ಕಲ್ಲಿದ್ದಲು ಹಾಕುತ್ತಿದ್ದ. ಮೊದಲ ಮಹಾಯುದ್ಧದಲ್ಲಿ ಸೋತ ಮೇಲೆ ಇಡೀ ಪಡೆಯನ್ನು ಸ್ಕಾಟ್ಲೆಂಡಿನ ಸ್ಕಾಪಾ ಫ್ಲೋ ಕೊಲ್ಲಿಯಲ್ಲಿ ಇಂಗ್ಲಿಷರ ಕಣ್ಣೆದುರು ಕಟ್ಟಿಹಾಕಿದ್ದರಲ್ಲ, ಆಗ ಶತ್ರುವಿನ ಕೈಗೆ ಸಿಗಬಾರದೆಂದು ಜರ್ಮನರೇ ತಳದ ಕವಾಟ ತೆರೆದು ತಮ್ಮ ಹಡಗುಗಳನ್ನು ಮುಳುಗಿಸಿಕೊಂಡರು. ಅದರಲ್ಲೊಂದು ಕವಾಟ ತಿರುಗಿಸಿದ್ದು ಈ ಅಜ್ಜ. ಆಮೇಲೆ ಬದುಕಿರುವಷ್ಟು ಕಾಲ ಮನೆಯ ನಲ್ಲಿ ತೊಟ್ಟಿಕ್ಕಿದರೂ ಅವನು ಕೈ ಹಚ್ಚಲಿಲ್ಲ. "ನಾನು ತಿರುಗಿಸ್ಬೇಕಾಗಿದ್ದನ್ನೆಲ್ಲ ತಿರುಗಿಸಿ ಆಗಿದೆ" ಎನ್ನುತ್ತಿದ್ದ. ಅಪ್ಪ ಹಿಟ್ಲರನ ಪಡೆಯಲ್ಲಿ, ಕಡಲಲ್ಲಿ ಬಿತ್ತಿದ ಸಿಡಿಮದ್ದಿನ ಮೈನುಗಳನ್ನು ಬಾಚುವ ದೋಣಿಯಲ್ಲಿದ್ದವನು. ಯುದ್ಧದಲ್ಲಿ ಸಾಯಲಿಲ್ಲ. ಯುದ್ಧ ಮುಗಿದ ಮೇಲೆ, ನೀವು ಬಿತ್ತಿದ ಮೈನುಗಳನ್ನು ನೀವೇ ಬಾಚಿ ಎಂದು ಇಂಗ್ಲಿಷರು ಕೆಲಸಕ್ಕೆ ಹಚ್ಚಿದರು. ಒಂದು ಮಂಜಿನ ಬೆಳಗ್ಗೆ ಹೋದವನು ತಿರುಗಿ ಬರಲಿಲ್ಲ.

ಇಷ್ಟೆಲ್ಲ ಕಂಡ ಮನೆಯ ಹುಡುಗ ಹಡಗಿನ ಸಹವಾಸವೇ ಬೇಡ ಎನ್ನಬೇಕಿತ್ತು. ಹಾಬೋ ಅನ್ನಲಿಲ್ಲ. ಆದರೆ ಬುದ್ಧಿವಂತ. ಫಿರಂಗಿಯ ಹತ್ತಿರ ಹೋಗದೆ ಒಲೆಯ ಹತ್ತಿರ ಹೋದ. ಗುಂಡು ಯಾವತ್ತೋ ಒಮ್ಮೆ ಹಾರಬಹುದು, ಹಾರದೆಯೂ ಇರಬಹುದು, ಹಸಿವು ದಿನಕ್ಕೆ ಮೂರು ಸಲ ಖಂಡಿತ. ಹಡಗಿನ ಅಡುಗೆಯವನನ್ನು ಅಲ್ಲಿ ಸ್ಮುಟ್ ಎನ್ನುತ್ತಾರೆ. ಸ್ಮುಟ್ ಆದ ಮೇಲೆ ಅವನ ಸ್ವಂತ ಹೆಸರು ಸಂಬಳದ ದಿನ ಬಿಟ್ಟರೆ ಬೇರೆ ದಿನ ಯಾರಿಗೂ ಬೇಕಾಗಲಿಲ್ಲ.

ಮದುವೆಯಾಗಲಿಲ್ಲ. ಕಾರಣ ಕೇಳಿದವರಿಗೆ, "ಇನ್ನೂರೈವತ್ತು ಜನಕ್ಕೆ ಅಳತೆ ಗೊತ್ತು, ಇಬ್ಬರಿಗೆ ಗೊತ್ತಿಲ್ಲ" ಎನ್ನುತ್ತಿದ್ದ. ಕೇಳಿದವರು ನಗುತ್ತಿದ್ದರು. ನಗಿಸಿದರೆ ಮುಂದಿನ ಪ್ರಶ್ನೆ ಬರುವುದಿಲ್ಲ ಎಂಬುದನ್ನು ಅವನು ಬೇಗ ಕಲಿತಿದ್ದ.

ಹಡಗಿನಲ್ಲಿ ಒಂದು ರೂಢಿಯಿತ್ತು. ತಿಂಗಳುಗಟ್ಟಲೆ ಹೊರಗಿದ್ದ ಹಡಗು ಊರಿಗೆ ಬರುವಾಗ ಕಟ್ಟೆಯ ಮೇಲೆ ಹೆಂಡತಿ, ಮಕ್ಕಳು, ಅಪ್ಪ, ಅಮ್ಮ ಎಲ್ಲ ಬಂದು ನಿಂತಿರುತ್ತಾರೆ. ಬ್ಯಾಂಡು ಬಾರಿಸುತ್ತದೆ. ಕೂವೆಗಂಬದಿಂದ ಉದ್ದನೆಯ ಪಟ್ಟಿ ಬಾವುಟ ಹಾರುತ್ತ ಬಂದು ಹಿಂದಿನ ನೀರಿಗೆ ಬಾಲ ಅದ್ದುತ್ತದೆ. ಎಲ್ಲರೂ ಇಳಿದು ಹೋಗುತ್ತಾರೆ. ಆದರೆ ಹಡಗನ್ನು ಖಾಲಿ ಬಿಡುವ ಹಾಗಿಲ್ಲ, ಮರುದಿನ ಬೆಳಗಿನವರೆಗೆ ಕೆಲವರು ಕಾವಲಿಗಿರಬೇಕು, ಆ ಕಾವಲಿನವರಿಗೆ ಒಬ್ಬ ಬೇಯಿಸಿ ಹಾಕಬೇಕು. ಕಟ್ಟೆಯ ಮೇಲೆ ಯಾರಿಗೆ ಯಾರೂ ಬರುವುದಿಲ್ಲವೋ ಅವರು ಆ ಕಾವಲು ತೆಗೆದುಕೊಳ್ಳುತ್ತಾರೆ. ಇದು ಬರೆದಿಟ್ಟ ಕಾನೂನಲ್ಲ, ಮರ್ಯಾದೆ. ಹಾಬೋ ಸೇರಿದ ವರ್ಷ ಒಮ್ಮೆ ತೆಗೆದುಕೊಂಡ. ಮುಂದಿನ ಸಲವೂ ತೆಗೆದುಕೊಂಡ. ಹಾಗೆ ತೆಗೆದುಕೊಳ್ಳುತ್ತ ಕೂದಲು ನರೆಯಿತು. ಹಡಗುಗಳು ಬದಲಾದವು, ಕಾವಲು ಬದಲಾಗಲಿಲ್ಲ.

ದಕ್ಷಿಣ ದಂಡೆಯ ತಿರುಗು ಸೇತುವೆಯ ಹತ್ತಿರ ಇನ್ಸಾ ಹಾರ್ಮ್ಸ್ ಎಂಬಾಕೆಯ ಮೀನಿನ ಬನ್ನಿನ ಗಾಡಿಯಂಗಡಿ ಇತ್ತು. ಐವತ್ತರ ಹೆಂಗಸು. ಗಂಡ ಹಾಂಬುರ್ಗಿಗೆ ಕೆಲಸಕ್ಕೆ ಹೋದವನು ಅಲ್ಲಿಯೇ ಬೇರೆ ಬಿಡಾರ ಹೂಡಿದ್ದ. ಹಾಬೋ ರಜೆಯ ಹೊತ್ತಿನಲ್ಲಿ ಅಲ್ಲಿ ನಿಂತು ಉಪ್ಪಿನ ಹೆರಿಂಗ್ ಮೀನು ಹಾಕಿದ ಬನ್ನು ತಿನ್ನುತ್ತಿದ್ದ, ತಿನ್ನುತ್ತಲೇ ತಪ್ಪು ತೆಗೆಯುತ್ತಿದ್ದ.

"ಈರುಳ್ಳಿ ಇಷ್ಟು ದಪ್ಪ ಹೆಚ್ಚಿದ್ರೆ ಮೀನು ಎಲ್ಲಿದೆ ಅಂತ ಹುಡುಕ್ಬೇಕಾಗುತ್ತೆ, ಇನ್ಸಾ ಅವರೇ."

"ಹುಡುಕಿ ತಿನ್ನಿ. ಸರ್ಕಾರದ ಅನ್ನ ತಿಂದು ತಿಂದು ನಿಮಗೆ ಹುಡುಕೋ ಅಭ್ಯಾಸವೇ ಹೋಗ್ಬಿಟ್ಟಿದೆ."

"ನಮ್ಮ ಹಡಗಲ್ಲಿ ಹಿಂಗೆ ಹೆಚ್ಚಿದ್ರೆ ಸಮುದ್ರಕ್ಕೆ ಎಸೀತಾರೆ."

"ಈರುಳ್ಳೀನೋ, ಹೆಚ್ಚಿದೋರನ್ನೋ?"

ತಪ್ಪು ತೆಗೆಯುವ ಗಿರಾಕಿ ದಿನಾ ಬಂದರೆ ಅದು ಮೀನಿಗಾಗಿ ಅಲ್ಲ ಎಂದು ಗಾಡಿಯಂಗಡಿ ಇಟ್ಟವರಿಗೆ ಗೊತ್ತಿರುತ್ತದೆ. ಬರ್ಲಿನ್ ಗೋಡೆ ಬಿದ್ದ ಮರುವರ್ಷದ ಬೇಸಿಗೆ ಅದು. ಹಾಬೋ ಇದ್ದ ಡಿಸ್ಟ್ರಾಯರ್ ಯುದ್ಧನೌಕೆ ಅಟ್ಲಾಂಟಿಕ್ ಸಾಗರ ಸುತ್ತಲು ಹೊರಡುವುದಿತ್ತು. ಹಡಗಿಗೆ ವಯಸ್ಸಾಗಿತ್ತು, ಹುಡುಗರು ಅದನ್ನು ಅಜ್ಜಿ ಎನ್ನುತ್ತಿದ್ದರು. ತಿರುಗಿ ಬಂದ ಮೇಲೆ ಅಜ್ಜಿಯನ್ನು ಸೇವೆಯಿಂದ ತೆಗೆಯುತ್ತಾರೆ, ಅದರ ಜೊತೆಗೇ ಹಾಬೋಗೂ ನಿವೃತ್ತಿ ಎಂದು ತೀರ್ಮಾನವಾಗಿತ್ತು. ಆ ಮಾತು ಕೇಳಿ ಇನ್ಸಾ ಕೈಯ ಚಾಕು ಕೆಳಗಿಟ್ಟಳು.

"ಅಂದ್ರೆ ಇದೇ ಕೊನೇ ಸಲ ಬರೋದು. ಕರ್ಕೊಂಡು ಹೋಗಕ್ಕೆ ಯಾರು ಬರ್ತಾರೆ?"

"ಬಸ್ಸು."

ಅವಳು ನಗಲಿಲ್ಲ. "ಈ ಸಲ ನಾನು ಬರ್ತೀನಿ. ಹಳದಿ ಮಳೆಕೋಟು ಹಾಕ್ಕೊಂಡು ನಿಂತಿರ್ತೀನಿ. ದೂರದಿಂದ ಕಾಣುತ್ತೆ."

ಹಾಬೋ ಉಳಿದ ಬನ್ನನ್ನು ಬಾಯಿಗೆ ಹಾಕಿಕೊಂಡ. "ಈರುಳ್ಳಿ ಪರವಾಗಿಲ್ಲ ಇವತ್ತು" ಎಂದು ಹೊರಟುಬಂದ.

ಅಟ್ಲಾಂಟಿಕ್‌ನಲ್ಲಿ ಆ ಹಳದಿ ಕೋಟು ಅವನ ಜೊತೆಗೇ ಇತ್ತು. ಬಟಾಣಿ ಸಾರು ಕುದಿಯುವಾಗ ಇತ್ತು, ಗುರುವಾರಗಳಂದು ನಾವಿಕರಿಗೆ ಕೊಡುವ ಕೇಕು ಉಬ್ಬುವಾಗಲೂ ಇತ್ತು. ಆದರೆ ಯಾರಿಗೂ ಹೇಳಲಿಲ್ಲ. ಹೇಳಿ, ಅವಳು ಬರದೇ ಹೋದರೆ? ಇಷ್ಟು ವರ್ಷ ಯಾರೂ ಬರದವನು ಎಂಬ ಹೆಸರಿತ್ತು, ಅದರಲ್ಲಿ ಒಂದು ಘನತೆಯಿತ್ತು. ಬರುತ್ತಾರೆಂದು ಕಾದು ನಿಂತು ಬೇಸ್ತುಬಿದ್ದವನು ಎಂಬ ಹೆಸರು ಬಂದರೆ ಅದನ್ನು ಹೊತ್ತು ನಿವೃತ್ತಿಗೆ ಹೋಗಬೇಕು. ಆಡದ ಮಾತಿಗೆ ನಷ್ಟವಿಲ್ಲ ಎಂದು ಅವನು ಲೆಕ್ಕ ಹಾಕಿದ. ಆಡದ ಮಾತಿಗೆ ಲಾಭವೂ ಇಲ್ಲ ಎಂಬ ಅರ್ಧ ಲೆಕ್ಕವನ್ನು ಹಾಕಲಿಲ್ಲ.

ಅವರು ಸಮುದ್ರದಲ್ಲಿದ್ದಾಗಲೇ ಎರಡು ಜರ್ಮನಿಗಳು ಒಂದಾದವು. ಪೂರ್ವದ ನೌಕಾಪಡೆಯೂ ಬಾಗಿಲು ಹಾಕಿತು. ಯಾರ ಮೇಲೆ ಕಣ್ಣಿಡಲೆಂದು ಅಜ್ಜಿ ಇಷ್ಟು ವರ್ಷ ತಿರುಗಿದ್ದಳೋ ಅವರು ರೇಡಿಯೋ ಸುದ್ದಿಯ ನಡುವೆ ಇಲ್ಲವಾದರು. ಹಾಬೋ ಆ ದಿನ ಎಲ್ಲರಿಗೂ ಒಂದೊಂದು ತುಂಡು ಹೆಚ್ಚು ಮಾಂಸ ಹಾಕಿದ. ಸಂತೋಷಕ್ಕೋ ದುಃಖಕ್ಕೋ ಎಂದು ಯಾರೋ ಕೇಳಿದ್ದಕ್ಕೆ, "ಹೆಚ್ಚಾಗಿ ಬೇಯಿಸ್ಬಿಟ್ಟೆ, ತಿನ್ನು" ಎಂದ.

ಊರು ಹತ್ತಿರವಾದಾಗ ಡೆಕ್ಕಿನವರ ಮೇಲ್ವಿಚಾರಕನಾದ ಹಿರಿಯ ಬೋಟ್ಸ್‌ಮನ್ ಓಲ್ಟ್‌ಮಾನ್ಸ್ ಊಟದ ಮನೆಯಲ್ಲಿ ನಿಂತು ಕಾವಲಿನ ಹೆಸರು ಹೇಳತೊಡಗಿದ. ಒಳ್ಳೆಯವನೇ, ಬಾಯಿ ಮಾತ್ರ ದೊಡ್ಡದು.

"ಅಡುಗೆಗೆ ಸ್ಮುಟ್. ಇದನ್ನೇನು ಕೇಳೋದು?"

"ಕೇಳ್ಬೇಡಿ ಸಾರ್," ಎಂದು ಇಂಜಿನ್ ಕೋಣೆಯವನೊಬ್ಬ ಕೂಗಿದ. "ಸ್ಮುಟ್‌ನ ಕರ್ಕೊಂಡು ಹೋಗಕ್ಕೆ ಬರೋದು ಕಡಲಹಕ್ಕಿಗಳು ಮಾತ್ರ. ಅವೂ ಬರೋದು ಸಿಪ್ಪೆ ಆಸೆಗೆ."

ಎಲ್ಲರೂ ನಕ್ಕರು. ಹಾಬೋನೂ ನಕ್ಕ. ಅವನ ಕೈಕೆಳಗಿನ ಅಡುಗೆಯವ ಸ್ವೆನ್ ಹತ್ತಿರ ಬಂದು ಮೆಲ್ಲಗೆ, "ನೀವಿಲ್ದೇ ಇದ್ದಿದ್ರೆ ನಾನೇ ನಿಲ್ಬೇಕಿತ್ತು. ನನ್ನ ಮಗಳನ್ನ ನಾನಿನ್ನೂ ನೋಡೇ ಇಲ್ಲ" ಎಂದ.

ಓಲ್ಟ್‌ಮಾನ್ಸ್ ಹೊರಡುವ ಮುನ್ನ ಒಂದು ಮಾತು ಕೇಳಿದ್ದು ನಿಜ. "ಯಾರಿಗಾದ್ರೂ ಬದಲಾಯಿಸ್ಕೋಬೇಕಾ? ಈಗ್ಲೇ ಹೇಳಿ. ದೂರದ ಊರಿನ ಹುಡುಗರಿದಾರೆ, ಅವರ ರೈಲು ಮರುದಿನಕ್ಕೇ ಇರೋದು, ನಿಲ್ತಾರೆ. ಅವರಲ್ಲಿ ಒಬ್ಬನಿಗೆ ಬೇಯಿಸಕ್ಕೂ ಬರುತ್ತೆ."

ಹಾಬೋ ಬಾಯಿ ತೆರೆದ. ಎಲ್ಲರ ಮುಖದಲ್ಲೂ ಆಗಿನ ನಗು ಇನ್ನೂ ಆರಿರಲಿಲ್ಲ. ಬಾಯಿ ಮುಚ್ಚಿಕೊಂಡ.

ಅಕ್ಟೋಬರಿನ ಕೊನೆಯ ಒಂದು ಮಧ್ಯಾಹ್ನ ಅಜ್ಜಿ ಬಂದರಿನ ಬಾಯಿಯ ಲಾಕ್‌ಗೇಟು ದಾಟಿ ಕಟ್ಟೆಗೆ ಬಂದಳು. ಹಾಬೋ ಒಳಗೆ ಆಲೂಗಡ್ಡೆ ಸುಲಿಯುತ್ತ ಕುಳಿತಿದ್ದ. ಬ್ಯಾಂಡು ಕೇಳಿಸಿತು, ಹೆಸರು ಕೂಗುವುದು ಕೇಳಿಸಿತು, ಎಳೆಗೂಸೊಂದು ಅಳುವುದು ಕೇಳಿಸಿತು, ಸ್ವೆನ್‌ನ ಮಗಳೇ ಇರಬೇಕು. ದುಂಡು ಕಿಟಕಿಯಲ್ಲಿ ಬೂದು ಕೋಟುಗಳು, ನೀಲಿ ಕೋಟುಗಳು. ನೋಡಬಾರದೆಂದುಕೊಂಡೇ ನೋಡಿದ. ಅವುಗಳ ನಡುವೆ ಹಳದಿ ಇತ್ತು.

ಅವನು ತಕ್ಷಣ ಏಳಲಿಲ್ಲ. ಕೈ ತೊಳೆದ, ಒರೆಸಿದ, ಮತ್ತೆ ತೊಳೆದ. ಡೆಕ್ಕಿಗೆ ಬರುವ ಹೊತ್ತಿಗೆ ಗುಂಪು ಕರಗುತ್ತಿತ್ತು. ಇನ್ಸಾ ಇಳಿಯುವ ಏಣಿಯ ಬುಡದಲ್ಲಿ ನಿಂತು ಇಳಿದವರ ಮುಖಗಳನ್ನು ಒಂದೊಂದಾಗಿ ನೋಡುತ್ತಿದ್ದಳು. ತಲೆಗೆ ಹೊಸದಾಗಿ ಬಣ್ಣ ಹಾಕಿಸಿದ್ದಳು. ಮಗುವನ್ನೆತ್ತಿಕೊಂಡು ಹೋಗುತ್ತಿದ್ದ ಸ್ವೆನ್‌ನನ್ನು ಅವಳು ತಡೆದು ಕೇಳಿದ್ದು ಮೇಲಕ್ಕೆ ಚೆನ್ನಾಗಿಯೇ ಕೇಳಿಸಿತು.

"ಸ್ಮುಟ್ ಎಲ್ಲಪ್ಪಾ?"

"ಅವರಾ? ಅವರಿಗೆ ಯಾರೂ ಬರಲ್ಲ ನೋಡಿ, ಅದಕ್ಕೆ ಕಾವಲಿಗೆ ನಿಂತಿದಾರೆ" ಎಂದ ಸ್ವೆನ್. ಖುಷಿಯಲ್ಲಿದ್ದವನು, ಯಾರಿಗೆ ಹೇಳುತ್ತಿದ್ದೇನೆಂದು ನೋಡದೆ ಮುಂದೆ ಹೋದ.

ಇನ್ಸಾ ತಲೆಯೆತ್ತಿದಳು. ಕಂಬಿ ಹಿಡಿದು ನಿಂತಿದ್ದ ಹಾಬೋ ಕಂಡ.

"ಇಳೀರಿ."

"ಇಳಿಯೋ ಹಾಗಿಲ್ಲ. ನಾಳೆ ಬೆಳಗ್ಗೆವರೆಗೂ ಕಾವಲು."

"ಬರ್ತೀನಿ ಅಂತ ಹೇಳಿದ್ನಲ್ಲ."

"ಹೇಳಿದ್ರಿ."

"ನೀವು ಇವರಿಗೆ ಹೇಳ್ಲಿಲ್ವಾ, ಒಬ್ಬರು ಬರ್ತಾರೆ ಅಂತ?"

ಹಾಬೋ ಕಂಬಿಯ ಬಣ್ಣ ಉಗುರಿನಿಂದ ಕೆರೆದ. "ಬರ್ದೇ ಇದ್ರೆ ನಗ್ತಾರೆ ಅಂತ..."

"ಅಂದ್ರೆ ನಾನು ಬರಲ್ಲ ಅಂತ ನೀನು ಮೊದಲೇ ತೀರ್ಮಾನ ಮಾಡ್ಬಿಟ್ಟಿದ್ದೆ!" ಇನ್ಸಾಳ ದನಿ ಇಡೀ ಕಟ್ಟೆಗೆ ಕೇಳುವಷ್ಟು ಏರಿತು. ಕಾವಲಿನ ಹುಡುಗರು ಕೆಲಸ ನಿಲ್ಲಿಸಿ ನೋಡಿದರು. ಯಾರೂ ನಗಲಿಲ್ಲ. "ಗಾಡಿ ಮುಚ್ಚಿ ಬಂದಿದೀನಿ ಕಣೋ, ಶನಿವಾರದ ವ್ಯಾಪಾರ ಬಿಟ್ಟು! ಬಂದು ಇಲ್ಲಿ ಏನು ಕೇಳ್ದೆ? ಅವರಿಗೆ ಯಾರೂ ಬರಲ್ಲ ಅಂತ! ಹಾಗಾದ್ರೆ ನಾನ್ಯಾರು?"

ಆ ದಿನದ ಅಧಿಕಾರಿ ಒಬ್ಬ ಎಳೆಯ ಲೆಫ್ಟಿನೆಂಟ್. ಪಾಪ, ಸಂಕೋಚದಿಂದ ಹತ್ತಿರ ಬಂದ. "ಬದಲಿ ಕೊಡೋಣ ಅಂದ್ರೆ ಬೇಯಿಸಕ್ಕೆ ಬರೋ ಆ ಹುಡುಗನೂ ಎಲ್ಲರ ಜೊತೆ ಊರು ಸುತ್ತಕ್ಕೆ ಹೊರಟುಹೋದ. ಅವರನ್ನೇ ಮೇಲಕ್ಕೆ ಕರೀರಿ ಸ್ಮುಟ್. ಒಂದು ಕಾಫಿ ಕೊಡಿ, ಹಡಗು ತೋರ್ಸಿ."

ಹಾಬೋ ಕರೆದ. ಇನ್ಸಾ ಏಣಿಯ ಮೊದಲ ಮೆಟ್ಟಿಲಿಗೆ ಕಾಲಿಟ್ಟಳು, ತೆಗೆದಳು.

"ನಾನು ಹಡಗು ನೋಡಕ್ಕೆ ಬಂದಿಲ್ಲ. ಹಡಗಿಂದ ಇಳಿಯೋನನ್ನ ನೋಡಕ್ಕೆ ಬಂದೆ."

"ಮುಂದಿನ ಸಲ..." ಎಂದು ಹಾಬೋ ರೂಢಿಯ ಬಲದಿಂದ ಶುರುಮಾಡಿದವನು ನಡುವೆಯೇ ನಿಂತ. ಮುಂದಿನ ಸಲ ಎಂಬುದು ಅಜ್ಜಿಗೂ ಇರಲಿಲ್ಲ, ಅವನಿಗೂ ಇರಲಿಲ್ಲ. ಇನ್ಸಾಗೂ ಅದು ಗೊತ್ತಿತ್ತು. ಅವಳು ಕೋಟಿನ ಗುಂಡಿ ಹಾಕಿಕೊಂಡು ಸೈಕಲ್ಲು ಹತ್ತಿದಳು. ಗೋದಾಮುಗಳ ಮೂಲೆ ತಿರುಗುವವರೆಗೂ ಹಳದಿ ಕಾಣುತ್ತಿತ್ತು. ಅವಳು ಹೇಳಿದ್ದು ಸುಳ್ಳಲ್ಲ, ಬಹಳ ದೂರದಿಂದ ಕಾಣುತ್ತದೆ.

ಆ ಸಂಜೆ ಕಾವಲಿನವರಿಗೆ ಆಲೂಗಡ್ಡೆ, ಹುರಿದ ಮೊಟ್ಟೆ. ಉಪ್ಪು ಎರಡು ಸಲ ಬಿದ್ದಿತ್ತು. ಹುಡುಗರು ಸುಮ್ಮನೆ ತಿಂದರು. ಸಮುದ್ರದಲ್ಲಾಗಿದ್ದರೆ ಇದನ್ನೇ ವಾರಗಟ್ಟಲೆ ಆಡಿಕೊಳ್ಳುತ್ತಿದ್ದವರು. ಅವರು ಆಡಿಕೊಂಡಿದ್ದರೆ ಹಾಬೋಗೆ ಎಷ್ಟೋ ಹಗುರವಾಗುತ್ತಿತ್ತು.

ಬೆಳಗ್ಗೆ ಅವನು ಚೀಲ ಹೆಗಲಿಗೇರಿಸಿ ಇಳಿದ. ಕಟ್ಟೆಯ ಮೇಲೆ ಒಂದು ನರಪಿಳ್ಳೆಯೂ ಇರಲಿಲ್ಲ. ಪ್ರತಿ ಸಲವೂ ಹೀಗೇ ಇಳಿದದ್ದು, ಆದರೆ ಇದು ಖಾಲಿ ಎಂದು ಅವನಿಗೆ ಅನ್ನಿಸಿದ್ದು ಇದೇ ಮೊದಲು. ಬಸ್ಸು ಬಂತು, ನಿಂತಿತು, ಹೋಯಿತು. ಅವನು ಹತ್ತಲಿಲ್ಲ. ನಡೆದೇ ದಕ್ಷಿಣ ದಂಡೆಗೆ ಹೋದ.

ಭಾನುವಾರ. ಇನ್ಸಾಳ ಗಾಡಿಯ ಮುಂದೆ ಸಾಲಿತ್ತು. ವಾಯುವಿಹಾರಕ್ಕೆ ಬಂದ ಮುದುಕರು, ನಾಯಿ ಹಿಡಿದ ದಂಪತಿಗಳು, ಹೆಂಡತಿಯ ತೋಳು ಹಿಡಿದುಕೊಂಡ ಇಂಜಿನ್ ಕೋಣೆಯವನು, ಕಡಲಹಕ್ಕಿಯ ಮಾತಾಡಿದವನೇ. "ಮೊಯಿನ್, ಸ್ಮುಟ್!" ಎಂದು ಆ ಕಡೆಯ ನಮಸ್ಕಾರ ಹೇಳಿ ಕೈ ಬೀಸಿದ. "ಮೀನು ತಿನ್ನಕ್ಕೆ ಬಂದ್ರಾ?"

ಇನ್ಸಾ ಕತ್ತೆತ್ತದೆ ಈರುಳ್ಳಿ ಹೆಚ್ಚುತ್ತಿದ್ದಳು.

"ಇಲ್ಲ," ಎಂದ ಹಾಬೋ. ಇನ್ನೂರೈವತ್ತು ಜನರನ್ನು ಊಟಕ್ಕೆ ಕೂಗುತ್ತಿದ್ದ ಗಂಟಲು, ಸಾಲಿನ ತುದಿಯವರೆಗೂ ಮುಟ್ಟಿತು. "ಇವರನ್ನ ನೋಡಕ್ಕೆ ಬಂದೆ. ನಿನ್ನೆ ನನ್ನನ್ನ ಕರ್ಕೊಂಡು ಹೋಗಕ್ಕೆ ಇವರು ಬಂದಿದ್ರು. ನಾನೇ ಇಳೀಲಿಲ್ಲ."

ನಾಯಿಯವರು ತಿರುಗಿ ನೋಡಿದರು. ಇಂಜಿನ್ ಕೋಣೆಯವನ ಬಾಯಿ ತೆರೆದದ್ದು ಹಾಗೇ ಇತ್ತು. ಇನ್ಸಾಳ ಚಾಕು ನಿಂತಿತು. ಅವಳು ಹಾಬೋನ ಮುಖ, ಹೆಗಲ ಚೀಲ, ಕೆಸರಾದ ಬೂಟು ಎಲ್ಲವನ್ನೂ ನಿಧಾನವಾಗಿ ನೋಡಿದಳು. ಸರಕು ವಾಪಸ್ ತೆಗೆದುಕೊಳ್ಳಬೇಕೋ ಬೇಡವೋ ಎಂದು ನೋಡುವ ನೋಟ ಅದು.

"ನನಗೆ ಗಿರಾಕಿಗಳಿದಾರೆ," ಎಂದಳು. "ಸಾಲಲ್ಲಿ ನಿಂತ್ಕೋ."

ಹಾಬೋ ಚೀಲ ಕೆಳಗಿಳಿಸಿ ಸಾಲಿನ ಕೊನೆಗೆ ಹೋಗಿ ನಿಂತ.