ಅಕ್ಕ ಬರೆದ ಮೊದಲ ಮೀಸೆ

ಟೀವಿ ಸಂದರ್ಶನವೊಂದರಲ್ಲಿ ಅವನು ಆಡಿದ ಒಂದು ಮಾತು ನನ್ನನ್ನು ಶಿವಮೊಗ್ಗದಿಂದ ಭದ್ರಾವತಿಯ ಬಸ್ಸು ಹತ್ತಿಸಿತು. "ಭದ್ರಾವತಿಯ ಜನ್ನಾಪುರದಲ್ಲಿ ನನಗೊಬ್ಬ ಅಕ್ಕ ಇದ್ದಾರೆ. ಗಣಪತಿ ಹಬ್ಬದ ನಾಟಕಕ್ಕೆ ಅವರು ಕಾಡಿಗೆಯಲ್ಲಿ ಬರೆದ ಮೊಟ್ಟಮೊದಲ ಮೀಸೆ ನನ್ನದೇ."

ಆ ಅಕ್ಕ ನನ್ನ ಒಡಹುಟ್ಟಿದವಳು. ಅವನು ನಮ್ಮ ಪಕ್ಕದ ಮನೆಗೆ ಬಂದು ಸೇರಿದ ಹುಡುಗ. ಆ ಮೊದಲ ಮೀಸೆ ಇದ್ದದ್ದು ನನ್ನ ಮುಖದ ಮೇಲೆ.

ಅವನು ದೊಡ್ಡ ನಟನೇನಲ್ಲ. ಸಿನಿಮಾಗಳಲ್ಲಿ ಓಡಿಬಂದ ಜೋಡಿಯ ಮದುವೆ ಮಾಡಿಸುವ ಸಬ್‌ರಿಜಿಸ್ಟ್ರಾರ್. ಧಾರಾವಾಹಿಗಳಲ್ಲಿ ಆಪರೇಷನ್ ಥಿಯೇಟರಿನಿಂದ ಹೊರಬಂದು ಕನ್ನಡಕ ತೆಗೆಯುವ ಡಾಕ್ಟರು, ಒಮ್ಮೊಮ್ಮೆ ನ್ಯಾಯಾಧೀಶ. ಅವನ ಹೆಸರು ಯಾರಿಗೂ ಗೊತ್ತಿಲ್ಲ, ಮುಖ ಎಲ್ಲರಿಗೂ ಗೊತ್ತು. ಶಾಸನಗಳ ಕಾಲನಿರ್ಣಯದಲ್ಲಿ ಆಯುಷ್ಯ ಕಳೆದ ನನ್ನದು ಇದಕ್ಕೆ ತಿರುಗುಮುರುಗು: ಹೆಸರು ಕೆಲವು ಅಡಿಟಿಪ್ಪಣಿಗಳಲ್ಲಿದೆ, ಮುಖ ನಮ್ಮ ಬೀದಿಯ ದಿನಸಿ ಅಂಗಡಿಯವನಿಗೂ ನೆನಪಿರುವುದಿಲ್ಲ. ಅದನ್ನೆಲ್ಲ ಸಹಿಸಿದ್ದೆ. ಅಕ್ಕನನ್ನೂ ಅವನು ತನ್ನ ಚರಿತ್ರೆಗೆ ಸೇರಿಸಿಕೊಂಡದ್ದನ್ನು ಮಾತ್ರ ಸಹಿಸಲಾಗಲಿಲ್ಲ.

ಹೊರಡುವ ಮುನ್ನ ಪರಿಶೀಲನೆ ಮುಗಿಸಿದ್ದೆ. ಅವನ ತಂದೆಗೆ ಕಾರ್ಖಾನೆಯಲ್ಲಿ ಕೆಲಸ ಸಿಕ್ಕಿ ಸಂಸಾರ ಭದ್ರಾವತಿಗೆ ಬಂದದ್ದು ಯಾವ ವರ್ಷವೆಂದು ಬೇರೆಬೇರೆ ಇಬ್ಬರಿಂದ ಖಚಿತಪಡಿಸಿಕೊಂಡಿದ್ದೆ. ನಾನು ಮಂತ್ರಿಯ ಪಾತ್ರ ಮಾಡಿದ ಹಬ್ಬ ಅದರ ಹಿಂದಿನ ವರ್ಷದ್ದು. ಸಂಶಯಕ್ಕೆ ಎಡೆಯಿರಲಿಲ್ಲ. ಅಕ್ಕನ ಬಾಯಿಂದ ಆ ಮಾತೊಂದು ಬಂದರೆ ಸಾಕಿತ್ತು.

ಬಸ್ಸಿಳಿದು ಆಟೋ ಹತ್ತಿ ವಿಳಾಸ ಹೇಳಿದಾಗ ಚಾಲಕ ಕೇಳಿದ: "ಆ ಸೀರಿಯಲ್ ಡಾಕ್ಟ್ರ ಅಕ್ಕನ ಮನೆಗಾ ಸಾರ್?"

"ಆಕೆ ನನ್ನ ಅಕ್ಕ."

"ಹೌದಾ! ಹಂಗಾದ್ರೆ ಡಾಕ್ಟ್ರಿಗೆ ನೀವು ತಮ್ಮ ಆಗ್ಬೇಕು."

ನಾನು ಆ ನಟನಿಗಿಂತ ಹಿರಿಯ. ತಿದ್ದುವ ಉತ್ಸಾಹ ಉಳಿದಿರಲಿಲ್ಲ.

ಅಕ್ಕ ಟೀವಿಯ ಮುಂದೆ ಕೂತು ಹುರುಳಿಕಾಯಿಯ ನಾರು ಬಿಡಿಸುತ್ತಿದ್ದಳು. ನಾನು ವರ್ಷಗಳನ್ನು ಕ್ರಮವಾಗಿ ಮಂಡಿಸಿದೆ. ಅವಳು ಪೂರ್ತಿ ಕೇಳಿ ನಕ್ಕಳು.

"ಇದಕ್ಕೆ ಬಸ್ ಹತ್ಕೊಂಡು ಬಂದ್ಯಾ ಮಾರಾಯ? ಮೊದ್ಲು ಬರೆದಿದ್ದು ನಿಂಗೇ ಕಣೋ. ಯಾರು ಇಲ್ಲ ಅಂದ್ರು?"

"ಅವನು ಅಂದ. ಊರೆಲ್ಲ ಕೇಳುವ ಹಾಗೆ."

"ಅಂದ್ಕೊಳ್ಳಲಿ ಬಿಡು. ನೀನು ಸ್ಟೇಜ್ ಇಳಿದವ್ನೇ ನನ್ ಸೆರಗಲ್ಲಿ ಮೀಸೆ ಒರೆಸ್ಕೊಂಡು ಪುಸ್ತಕ ಹಿಡ್ಕೊಂಡೆ. ಕನ್ನಡೀನೂ ನೋಡ್ಲಿಲ್ಲ. ಮುಂದಿನ್ ವರ್ಷ ಅವನಿಗೆ ಬರೆದೆ. ಆ ಹುಡ್ಗ ಮುಖಾನೇ ತೊಳೀದೆ ಮಾರನೇ ದಿನ ಮೀಸೆ ಸಮೇತ ಸ್ಕೂಲಿಗೆ ಹೋಗಿ ಮೇಷ್ಟ್ರ ಹತ್ರ ಒದೆ ತಿಂದ. ಅಳ್ತಾ ಬಂದವ್ನು, 'ಅಕ್ಕಾ, ಇನ್ನೊಂದ್ಸಲ ಬರೀರಿ' ಅಂದ."

ನನ್ನ ಕಾಲನಿರ್ಣಯ ಸರಿಯಾಗಿಯೇ ಇತ್ತು. ಬಯಸಿದ್ದ ಮಾತೂ ಸಿಕ್ಕಿತ್ತು. ಆದರೂ ನಾನು ಎದ್ದು ಹೊರಡಲಿಲ್ಲ.

ಅಷ್ಟರಲ್ಲಿ ಪರದೆಯ ಮೇಲೆ ಅವನೇ ಬಂದ, ಈ ಸಲ ನ್ಯಾಯಾಧೀಶನಾಗಿ. ಅಕ್ಕ ಕಾಯಿ ಕೆಳಗಿಟ್ಟು ಮುಂದಕ್ಕೆ ಬಾಗಿದಳು.

"ನೋಡು, ಮೀಸೆ ಎಡಕ್ಕೆ ಒಂಚೂರು ಓರೆ. ನಾನೂ ಹಂಗೇ ಬರೀತಿದ್ದೆ."

ನನ್ನದೂ ಓರೆಯಾಗಿತ್ತೇ? ಕೇಳಲು ಬಾಯಿ ತೆರೆದೆ. ನ್ಯಾಯಾಧೀಶನ ಮಾತು ಶುರುವಾಗುವುದರಲ್ಲಿತ್ತು. ಅಕ್ಕ ನನ್ನತ್ತ ನೋಡದೆಯೇ ಕೈಯೆತ್ತಿ, ಸುಮ್ಮನಿರು ಎಂದು ಸನ್ನೆ ಮಾಡಿದಳು.