ಅಳುವ ಹುಡುಗನ ಪಾತ್ರ

ಮಕ್ಕಳೇ, ನಾನು ಚಿಕ್ಕವನಿದ್ದಾಗ, ಅವ್ವ ತೀರಿಕೊಂಡ ಮರುವರ್ಷ, ಹೊಳೆನರಸೀಪುರದ ಹೊಳೆದಂಡೆಗೆ ಸಿನಿಮಾದವರು ಬಂದಿಳಿದರು. ಅವರಿಗೆ ಅಳುವ ಹುಡುಗನೊಬ್ಬ ಬೇಕಿತ್ತು. ಸ್ಕೂಲಿನ ನಾಟಕದಲ್ಲಿ ನಾನು ಚೆನ್ನಾಗಿ ಅಳುತ್ತಿದ್ದೆ, ಅದಕ್ಕೆ ಮೇಷ್ಟ್ರು ನನ್ನ ಹೆಸರು ಹೇಳಿದ್ದರು. ನಮ್ಮೂರು ಹಳೇಕೋಟೆಯಿಂದ ಅಪ್ಪ ನನ್ನನ್ನು ಸೈಕಲ್ಲಿನ ಮುಂದೆ ಕೂರಿಸಿಕೊಂಡು ಬಂದ.

ಮುಖಕ್ಕೆ ಬಳಿದ ಬಣ್ಣ ಬಿಸಿಲಿಗೆ ಒಣಗಿ ಬಿಗಿಯುತ್ತಿತ್ತು. ಕಳೆದುಹೋದ ಮಗ ತಾಯಿಯನ್ನು ಕಂಡು, "ಅವ್ವಾ" ಎಂದು ಓಡಿಬರುವ ದೃಶ್ಯ. ತಾಯಿಯ ಪಾತ್ರದ ನಟಿ ಮಲ್ಲಿಗೆ ಮುಡಿದು, ಮರಳ ಮೇಲೆ ತೋಳು ಚಾಚಿ ನಿಂತಿದ್ದರು. ನಾನು ಓಡಿದೆ. ಆದರೆ ಆ ಮಾತು ಬಾಯಿಗೆ ಬರಲೊಲ್ಲದು. ವರ್ಷದಿಂದ ಯಾರನ್ನೂ ಹಾಗೆ ಕರೆದಿರಲಿಲ್ಲವಲ್ಲ.

ನಿರ್ದೇಶಕರು ಹತ್ತಿರ ಬಂದು ಕುಕ್ಕರಗಾಲಲ್ಲಿ ಕೂತರು. "ನಿಮ್ಮವ್ವನ್ನ ನೆನೆಸ್ಕೋ ಮಗು" ಎಂದರು.

ಈ ಸಲ ಕೂಗಿದೆ. ನಟಿಯ ಸೊಂಟ ತಬ್ಬಿ ಬಿಕ್ಕಿ ಬಿಕ್ಕಿ ಅತ್ತೆ. ಅವರು ನನ್ನ ತಲೆ ನೇವರಿಸಿದರು. ಬೆಚ್ಚಗಿನ ಕೈ. "ಕಟ್" ಎಂದದ್ದೇ ತಡ, ಎಲ್ಲರೂ ಚಪ್ಪಾಳೆ ತಟ್ಟಿದರು. ನಟಿ ನನ್ನ ಬೆರಳುಗಳನ್ನು ಮೆಲ್ಲಗೆ ಬಿಡಿಸಿಕೊಂಡು ಕೊಡೆಯ ನೆರಳಿಗೆ ಹೋದರು. ನನ್ನ ಅಳು ಮಾತ್ರ ನಿಲ್ಲಲಿಲ್ಲ.

ಜನರ ಹಿಂದೆ ನಿಂತಿದ್ದ ಅಪ್ಪ ಬಂದು, ಹೆಗಲ ಟವೆಲಿನಿಂದ ನನ್ನ ಮುಖ ಒರೆಸಿದ. ಅವನ ಕಣ್ಣುಗಳೂ ಕೆಂಪಾಗಿದ್ದವು.

"ನೀನು ಕೂಗ್ದಾಗ ನಾನೂ ತಿರುಗಿ ನೋಡ್ಬುಟ್ಟೆ ಕಣ್ಲಾ, ಎಲ್ಲಿಂದಾದ್ರೂ ಬತ್ತಾಳೇನೋ ಅಂತ."

ಅವ್ವ ಹೋದ ಮೇಲೆ ಅಪ್ಪ ಅವಳ ಮಾತೆತ್ತಿದ್ದು ಅದೇ ಮೊದಲು.

ಸಂಜೆ ನಿರ್ದೇಶಕರು, "ಇವನನ್ನ ಮದ್ರಾಸಿಗೆ ಕಳಿಸಿ, ಇನ್ನೂ ಪಾತ್ರ ಕೊಡಿಸ್ತೀನಿ" ಎಂದರು.

"ಓಗ್ತೀಯೇನ್ಲಾ?" ಎಂದು ಅಪ್ಪ ಕೇಳಿದ.

ಆ ಬೆಚ್ಚಗಿನ ಕೈಯ ಆಸೆಗೆ ತಲೆಯಾಡಿಸಿದೆ.

ಮದ್ರಾಸಿನಲ್ಲಿ ಮತ್ತಷ್ಟು ಸಿನಿಮಾ ಮಾಡಿದೆ. ಎಲ್ಲದರಲ್ಲೂ ನಾನು ಅಳುವ ಹುಡುಗನೇ. ಪ್ರತಿ ಸಿನಿಮಾದಲ್ಲೂ ಹೊಸ ಅವ್ವ. ಕೆಲಸ ಮುಗಿದ ಮೇಲೆ ಅವರೆಲ್ಲ ತಮ್ಮ ತಮ್ಮ ಮಕ್ಕಳ ಬಳಿಗೆ ಹೋಗುತ್ತಿದ್ದರು. ನಾನು ನಿರ್ದೇಶಕರು ಹಿಡಿದುಕೊಟ್ಟಿದ್ದ ಬಾಡಿಗೆ ಕೋಣೆಯ ಕಿಟಕಿಯಲ್ಲಿ ಕೂತು, ಅರ್ಥವಾಗದ ತಮಿಳು ಕೇಳಿಸಿಕೊಳ್ಳುತ್ತಿದ್ದೆ. ಧ್ವನಿ ಒಡೆದ ಮೇಲೆ ಯಾರೂ ಕರೆಯಲಿಲ್ಲ. ಊರಿಗೆ ಮರಳಿದೆ.

ಮಕ್ಕಳೇ, ನೀವು ಅತ್ತರೂ ನಕ್ಕರೂ ನಿಮ್ಮಮ್ಮ ಫೋನಿನಲ್ಲಿ ವಿಡಿಯೋ ತೆಗೆಯುತ್ತಾಳೆ. ತೆಗೆದಾದ ಮೇಲೆ ಫೋನನ್ನು ಪಕ್ಕಕ್ಕಿಟ್ಟು ನಿಮ್ಮನ್ನು ಎತ್ತಿಕೊಳ್ಳುತ್ತಾಳೆ. ನನ್ನನ್ನೂ ಎಷ್ಟೋ ಜನ ಎತ್ತಿಕೊಂಡಿದ್ದರು, ಕ್ಯಾಮೆರಾ ಓಡುವಷ್ಟು ಹೊತ್ತು.