ಮೇಲಿನ ಮನೆಯವರು ಹೇಳಿಕೊಟ್ಟ ರೋಮಿನ ಊಟ

ಸೌದಿಯ ಯಾನ್ಬುವಿನಲ್ಲಿ ನಮ್ಮ ಕಟ್ಟಡದ ಮೇಲಿನ ಮನೆಯವರು ಒಂದು ವಾರ ರೋಮಿಗೆ ಹೋಗಿ ಬಂದ ಮೇಲೆ ನಮಗೆ ಯಾರಿಗೂ ನೆಮ್ಮದಿಯಿಂದ ತಿನ್ನಲು ಆಗಲಿಲ್ಲ. ರಿಫೈನರಿಯಲ್ಲಿ ಅವರು ನನ್ನ ಗಂಡನ ಮೇಲಧಿಕಾರಿ. ಗಂಡ ಅವರನ್ನು ಸರ್ ಎನ್ನುತ್ತಾನೆ, ಹಾಗಾಗಿ ನಾನೂ ಸರ್ ಎನ್ನಬೇಕು. ಪ್ಲಾಂಟಿನ ಗೇಟಿನ ಒಳಗೆ ಅದು ಸರಿ. ಆದರೆ ಈ ಮನುಷ್ಯ ನಮ್ಮ ಊಟದ ಮೇಜಿನಲ್ಲೂ ಸರ್ ಆಗಿಯೇ ಕೂರುತ್ತಿದ್ದರು.

ಶುಕ್ರವಾರ ಸಂಜೆ ನಾವು ನಾಲ್ಕಾರು ಕರಾವಳಿಯ ಮನೆಯವರು ಯಾರದಾದರೂ ಮನೆಯಲ್ಲೋ ಸಮುದ್ರದ ಬದಿಯಲ್ಲೋ ಸೇರುವುದು ರೂಢಿ. ಮೊದಲೆಲ್ಲ ಮಾತು ಊರಿನ ಮೀನಿನ ರೇಟು, ರಜೆಯ ಟಿಕೆಟು, ಮಕ್ಕಳ ಟ್ಯೂಷನ್ ಇಷ್ಟರಲ್ಲೇ ಸುತ್ತುತ್ತಿತ್ತು. ಈಗ ಬರೇ ಪಾಠ. ಹಾಲು ಹಾಕಿದ ಕಾಫಿಯನ್ನು ಬೆಳಗಿನ ಹೊತ್ತು ಮಾತ್ರ ಕುಡಿಯಬೇಕಂತೆ. ಮಧ್ಯಾಹ್ನದ ಮೇಲೆ ಕುಡಿಯುವವನು ಕಾಡುಮನುಷ್ಯನಂತೆ. ಸ್ಪಗೆಟ್ಟಿಯನ್ನು ಮುರಿದು ಬೇಯಿಸಿದರೆ ಪಾಪ ಸುತ್ತಿಕೊಳ್ಳುತ್ತದಂತೆ. ಮೀನು ಹಾಕಿದ ಪಾಸ್ತಾದ ಮೇಲೆ ಚೀಸ್ ಉದುರಿಸಿದವರ ಜೊತೆ ರೋಮಿನವರು ಮಾತೇ ಆಡುವುದಿಲ್ಲವಂತೆ. ಇದನ್ನೆಲ್ಲ ಹೇಳುತ್ತಿದ್ದದ್ದು ಹುಟ್ಟಿದಾರಭ್ಯ ಸಂಜೆ ನಾಲ್ಕಕ್ಕೆ ಹಾಲು ಕಾಫಿ ಕುಡಿದೇ ಬೆಳೆದ ಕುಂದಾಪುರದ ಮನುಷ್ಯ.

ಒಂದು ಸಲ ಪಕ್ಕದ ಮನೆಯ ಪುಟ್ಟ ಹುಡುಗಿಯ ಹುಟ್ಟುಹಬ್ಬ. ಪಿಜ್ಜಾ ತರಿಸಿದ್ದರು. ಹುಡುಗಿ ತನ್ನ ತುಂಡಿನ ಮೇಲೆ ಕೆಚಪ್ ಹಾಕಲು ಹೊರಟಾಗ ಸರ್ ಅವಳ ಕೈಯಿಂದ ಬಾಟಲಿ ತೆಗೆದು ಫ್ರಿಜ್ಜಿನ ಮೇಲೆ ಇಟ್ಟರು. "ರೋಮಿನಲ್ಲಿ ಹೀಗೆ ಮಾಡಿದ್ರೆ ಎಬ್ಬಿಸಿ ಹೊರಗೆ ಕಳಿಸ್ತಾರೆ ಮಗಾ" ಎಂದರು. ಹುಡುಗಿ ಅಪ್ಪನ ಮುಖ ನೋಡಿದಳು. ಅಪ್ಪನೂ ಸರ್ ಕೈಕೆಳಗಿನ ಡಿಪಾರ್ಟ್‌ಮೆಂಟಿನವನು. ಹಲ್ಲು ಬಿಟ್ಟ.

ಈದ್ ರಜೆಗೆ ನಾವಿಬ್ಬರೂ ರೋಮಿಗೆ ಹೋಗುವುದೆಂದು ಗೊತ್ತಾದಾಗ ನಾನು ಗಂಡನಿಗೆ ಹೇಳಿದ್ದು ಒಂದೇ ಮಾತು: ಮೇಲಿನ ಮನೆಯವರಿಗೆ ಹೇಳಬೇಡ. ಅವನು ಮರುದಿನವೇ ಹೇಳಿದ. ಆ ವಾರವೇ ಊಟಕ್ಕೆ ಕರೆ ಬಂತು.

"ಹೋಗುವ ಮೊದಲು ನಾಲಿಗೆ ಸ್ವಲ್ಪ ತಯಾರಾಗಬೇಕಲ್ಲ" ಎಂದು ಸರ್ ಬಾಗಿಲಲ್ಲೇ ಶುರು ಮಾಡಿದರು. ಮೇಜಿನ ಮೇಲೆ ಉದ್ದ ಕಾಲಿನ ಗ್ಲಾಸುಗಳಲ್ಲಿ ದಾಳಿಂಬೆ ಜ್ಯೂಸು. ಅದನ್ನು ನಾವು ಗ್ಲಾಸಿನಲ್ಲೇ ತಿರುಗಿಸಿ, ಮೂಗಿಗೆ ಹಿಡಿದು, ಆಮೇಲೆ ಗುಟುಕರಿಸಬೇಕು. ಈ ದೇಶದಲ್ಲಿ ವೈನ್ ಇಲ್ಲದಿದ್ದರೂ ಅಭ್ಯಾಸ ತಪ್ಪಬಾರದಂತೆ. ನನ್ನ ಗಂಡ ಕಣ್ಣು ಮುಚ್ಚಿ ದಾಳಿಂಬೆಯ ವಾಸನೆ ಹಿಡಿದ. ಮದುವೆಯಾಗಿ ಇಷ್ಟು ವರ್ಷದಲ್ಲಿ ನಾನು ಮಾಡಿದ ಯಾವ ಸಾರನ್ನೂ ಅವನು ಹಾಗೆ ಮೂಸಿದ್ದಿಲ್ಲ.

ಆಮೇಲೆ ಕಾರ್ಬೊನಾರಾ ಬಂತು. ಮೊಟ್ಟೆ, ಚೀಸು, ಹಂದಿಯ ಕೆನ್ನೆಯ ಮಾಂಸ ಹಾಕಿ ಮಾಡುವ ಪಾಸ್ತಾ ಅದು. ಇಲ್ಲಿ ಹಂದಿ ಸಿಗುವುದಿಲ್ಲ, ಆದ್ದರಿಂದ ಟರ್ಕಿ ಕೋಳಿಯ ಚೂರುಗಳಿದ್ದವು. ಮೊಟ್ಟೆ ಒಡೆದು ಬುರ್ಜಿಯಾಗಿತ್ತು. ಸರ್ ಒಂದು ತುತ್ತು ತಿಂದು, "ಟೆಕ್ಸ್ಚರ್ ನೋಡಿ" ಎಂದರು. ನೋಡಿದೆವು.

ಅವರ ಹೆಂಡತಿ ಅಡುಗೆಮನೆ ಬಾಗಿಲಲ್ಲಿ ನಿಂತಿದ್ದರು. ನಾನು ಅವರನ್ನು ಅಕ್ಕ ಎನ್ನುತ್ತೇನೆ, ಮೆಲುಮಾತಿನ ಹೆಂಗಸು. "ಬನ್ನಿ ಅಕ್ಕ, ಒಟ್ಟಿಗೆ ಕೂರುವ" ಎಂದೆ.

"ಅವಳಿಗೆ ಇದು ಹಿಡಿಸುವುದಿಲ್ಲ. ಅವಳ ನಾಲಿಗೆ ಗಂಜಿ, ಉಪ್ಪಿನಕಾಯಿ ದಾಟಿ ಮುಂದೆ ಹೋಗಿಲ್ಲ" ಎಂದು ಸರ್ ನಕ್ಕರು. ಅಕ್ಕ ಒಳಗೆ ಹೋದರು. ಹೊರಡುವಾಗ ಸರ್ ಒಂದು ಹೋಟೆಲಿನ ಹೆಸರು ಬರೆದುಕೊಟ್ಟು ದಾರಿ ಹೇಳಿದರು. ತೆಸ್ತಾಚೊ ಎಂಬ ಬಡಾವಣೆಯ ಮಾರುಕಟ್ಟೆಯ ಎದುರಿಗಂತೆ. ಅಲ್ಲಿನ ಮಾಲೀಕ ಇವರನ್ನು ಅಪ್ಪಿಕೊಂಡು ಕಳಿಸಿದ್ದನಂತೆ.

ರೋಮಿನಲ್ಲಿ ನಾವು ಚೆನ್ನಾಗಿ ತಿಂದೆವು. ಸಪ್ಲಿ ಎಂಬ ಮೊಟ್ಟೆಯ ಆಕಾರದ ಅನ್ನದ ಉಂಡೆ ನನಗೆ ಬಹಳ ಹಿಡಿಸಿತು. ಟೊಮೆಟೊ ರಸದಲ್ಲಿ ಬೆಂದ ಅನ್ನದ ನಡುವೆ ಚೀಸ್ ಇಟ್ಟು, ರಸ್ಕಿನ ಪುಡಿಯಲ್ಲಿ ಹೊರಳಿಸಿ ಕರಿಯುತ್ತಾರೆ. ಬೀದಿಯಲ್ಲಿ ನಿಂತು ಮುರಿದರೆ ಚೀಸ್ ದಾರದಂತೆ ಎಳೆಯುತ್ತದೆ. ಯಹೂದಿಗಳ ಹಳೆಯ ಕೇರಿಯಲ್ಲಿ ಆರ್ಟಿಚೋಕ್ ಎಂಬ ಮೊಗ್ಗನ್ನು ಇಡಿಯಾಗಿ ಎಣ್ಣೆಗೆ ಬಿಟ್ಟು ಕರಿದು ಕೊಟ್ಟರು. ಹೂವಿನಂತೆ ಬಿಚ್ಚಿಕೊಂಡು, ಅಂಚು ಹಪ್ಪಳದಷ್ಟು ಗರಿಗರಿ. ಬರೀ ಚೀಸು, ಕಾಳುಮೆಣಸು ಹಾಕಿದ ಪಾಸ್ತಾ. ನದಿಯ ಬದಿಯ ಗೂಡಂಗಡಿಯಲ್ಲಿ ಹೆರೆದ ಐಸಿನ ಮೇಲೆ ಹುಳಿ ಚೆರ್ರಿಯ ಶರಬತ್ತು. ಬಿಸಿಲಿಗೆ ಬೀದಿ ಬೀದಿಯಲ್ಲಿ ನಲ್ಲಿಗಳಿಂದ ತಣ್ಣಗಿನ ನೀರು ಸುರಿಯುತ್ತಿರುತ್ತದೆ, ಬೊಗಸೆ ಹಿಡಿದು ಕುಡಿಯುವುದೇ.

ಗಂಡ ಮಾತ್ರ ಇದನ್ನೆಲ್ಲ ಪರೀಕ್ಷೆ ಬರೆಯುವವನ ಹಾಗೆ ತಿಂದ. ಒಂದು ದಿನ ಮಧ್ಯಾಹ್ನ ಅವನಿಗೆ ಹಾಲಿನ ಕಾಫಿ ಬೇಕೆನಿಸಿತು. ಕೌಂಟರಿನ ಹತ್ತಿರ ಹೋದವನು ಹಿಂದೆ ಮುಂದೆ ನೋಡತೊಡಗಿದ.

"ಎಂತ ನೋಡುವುದು? ಸರ್ ಇಲ್ಲಿ ಇಲ್ಲ" ಎಂದೆ.

"ಹಾಗಲ್ಲ ಮಾರಾಯ್ತಿ, ಇವರು ಎಂತಾದ್ರೂ ಅಂದುಕೊಂಡ್ರೆ?"

ನಾನೇ ಎರಡು ಕಪ್ಪುಚಿನೊ ಹೇಳಿದೆ. ಕೌಂಟರಿನ ಹೆಂಗಸು ತನ್ನ ಪಾಡಿಗೆ ಫೋನಿನಲ್ಲಿ ಯಾರೊಂದಿಗೋ ಜಗಳ ಆಡುತ್ತಾ ಮಾಡಿಕೊಟ್ಟಳು. ನಮ್ಮ ಮುಖ ಸಹ ನೋಡಲಿಲ್ಲ. ಒಂದು ಇಡೀ ದೇಶ ತನ್ನ ಕೆಲಸ ಬಿಟ್ಟು ಯಾನ್ಬುವಿನ ಇನ್‌ಸ್ಟ್ರುಮೆಂಟ್ ಇಂಜಿನಿಯರನ ಕಾಫಿಯನ್ನು ಕಾಯುತ್ತಾ ಕೂತಿದೆ ಎಂದು ನಂಬುವುದಕ್ಕೂ ಒಂದು ತರಬೇತಿ ಬೇಕು. ಅದು ಅವನಿಗೆ ಸಿಕ್ಕಿತ್ತು.

ತೆಸ್ತಾಚೊದ ಮಾರುಕಟ್ಟೆಯ ಸುತ್ತ ಆ ಹೋಟೆಲನ್ನು ಹುಡುಕಿದೆವು. ಸಿಗಲಿಲ್ಲ. ಎದುರಿನ ತರಕಾರಿಯವನಿಗೆ ಹೆಸರು ತೋರಿಸಿದರೆ ಅವನು ಕೈಯಾಡಿಸಿ, ಅದು ಮುಚ್ಚಿ ವರ್ಷಗಳೇ ಆದವು ಎಂದ. "ನಾವೇ ದಾರಿ ತಪ್ಪಿರಬೇಕು" ಎಂದ ಗಂಡ.

ಯಾನ್ಬುವಿಗೆ ವಾಪಸು ಬಂದ ಮೇಲಿನ ಶುಕ್ರವಾರ ಎಲ್ಲರನ್ನೂ ಮನೆಗೆ ಕರೆದೆ. ಮೀನು ಸಾರು, ಅನ್ನ, ಒಂದು ತಟ್ಟೆ ತುಂಬ ಸಪ್ಲಿ. ಸರ್ ಒಂದನ್ನು ಮುರಿದು ಬೆಳಕಿಗೆ ಹಿಡಿದರು.

"ಇದು ಸಪ್ಲಿ ಅಲ್ಲ. ಸಪ್ಲಿಗೆ ಟೊಮೆಟೊ ಹಾಕುವುದಿಲ್ಲ. ನೀವು ಟೂರಿಸ್ಟುಗಳ ಅಂಗಡಿಯಲ್ಲಿ ತಿಂದಿದ್ದೀರಿ."

"ನೀವು ಯಾವ ಅಂಗಡಿಯಲ್ಲಿ ತಿಂದದ್ದು ಸರ್?" ಎಂದು ಕೇಳಿದೆ. ಗಂಡ ಮೇಜಿನ ಕೆಳಗೆ ನನ್ನ ಕಾಲು ಒತ್ತಿದ.

"ಅದೆಲ್ಲ ಹೆಸರಿಲ್ಲದ ಅಂಗಡಿಗಳು. ಊರಿನವರಿಗೆ ಮಾತ್ರ ಗೊತ್ತಿರುವುದು. ಇವಳನ್ನು ಕೇಳಿದರೆ ಪ್ರಯೋಜನ ಇಲ್ಲ, ಇವಳಿಗೆ ಎಲ್ಲಾ ಒಂದೇ" ಎಂದು ಹೆಂಡತಿಯ ಕಡೆ ಗದ್ದದಿಂದ ಸನ್ನೆ ಮಾಡಿದರು.

ಅಕ್ಕ ಮೀನಿನ ಮುಳ್ಳು ಬಿಡಿಸುತ್ತಿದ್ದರು. ತಲೆ ಎತ್ತದೆ ಹೇಳಿದರು: "ಅಂಗಡಿಯಲ್ಲಿ ಎಲ್ಲಿ ತಿಂದದ್ದು? ಹೋದ ದಿನವೇ ಇವರಿಗೆ ಹೊಟ್ಟೆ ಕೆಟ್ಟಿತು. ನಾನು ಪುಣ್ಯಕ್ಕೆ ಸಣ್ಣ ಕುಕ್ಕರ್ ತಗೊಂಡು ಹೋಗಿದ್ದೆ. ವಾರ ಇಡೀ ರೂಮಲ್ಲಿ ಗಂಜಿ. ಇವರು ಮಲಗಿಕೊಂಡು ಫೋನಲ್ಲಿ ಊಟದ ವೀಡಿಯೊ ನೋಡ್ತಿದ್ರು."

ಯಾರೂ ನಗಲಿಲ್ಲ. ಪಕ್ಕದ ಮನೆಯವನು ನೀರು ಕುಡಿದ. ಸರ್ ಕೈಯಲ್ಲಿದ್ದ ಅರ್ಧ ಸಪ್ಲಿಯನ್ನು ಬಾಯಿಗೆ ಹಾಕಿಕೊಂಡು ಅಗಿದು ಮುಗಿಸಿ, "ಒಂದು ದೇಶದ ಊಟ ಅರ್ಥ ಆಗಬೇಕಾದರೆ ತಿನ್ನಲೇಬೇಕು ಅಂತ ಇಲ್ಲ. ಸ್ಟಡಿ ಮಾಡಬೇಕು" ಎಂದರು. ನನ್ನ ಗಂಡ ತಲೆಯಾಡಿಸಿದ. ಪಕ್ಕದ ಮನೆಯವನೂ ಆಡಿಸಿದ. ಗಂಜಿ ಕುಡಿದು ಮಲಗಿದ್ದವನ ಮಾತಿಗೆ ಮಗುವಿನ ಕೆಚಪ್ ಕಿತ್ತುಕೊಳ್ಳಲು ಬಿಟ್ಟ ಈ ಇಂಜಿನಿಯರುಗಳಿಗೆ ಈಗಲೂ ನಾಚಿಕೆಯಾಗಲಿಲ್ಲ. ನನಗೆ ಸರ್ ಮೇಲೆ ಇದ್ದದ್ದಕ್ಕಿಂತ ದೊಡ್ಡ ತಿರಸ್ಕಾರ ಇವರ ಮೇಲೆ ಹುಟ್ಟಿತು.

ಪಾತ್ರೆ ಎತ್ತಿಡಲು ಅಕ್ಕ ನನ್ನ ಜೊತೆ ಅಡುಗೆಮನೆಗೆ ಬಂದರು. ಉಳಿದಿದ್ದ ಸಪ್ಲಿಯನ್ನು ನಿಂತಲ್ಲೇ ತಿಂದರು. ಆಮೇಲೆ ತಗ್ಗಿದ ದನಿಯಲ್ಲಿ, "ಒಂದು ದಿನ ಮೊಸರು ಹುಡುಕಲು ನಾನೊಬ್ಬಳೇ ಹೊರಗೆ ಹೋಗಿದ್ದೆ. ಒಂದು ಬೇಕರಿ ಕಂಡಿತು. ಬನ್ನು ಸೀಳಿ ಕ್ರೀಮು ತುಂಬಿಸಿ ಇಟ್ಟಿದ್ರು, ನಮ್ಮ ಹಿಡಿಯಷ್ಟು ದಪ್ಪ. ಬೆರಳು ತೋರಿಸಿ ತಗೊಂಡೆ. ಚರ್ಚಿನ ಮೆಟ್ಟಿಲಲ್ಲಿ ಕೂತು ತಿಂದೆ. ಮೂಗಿಗೆಲ್ಲ ಮೆತ್ತಿಕೊಂಡಿತ್ತು. ಮರುದಿನ ಪುನಃ ಮೊಸರಿಗೆ ಹೋದೆ" ಎಂದರು.

"ಸರ್‌ಗೆ ಹೇಳಲಿಲ್ಲವಾ?"

"ಹೇಳಿದ್ರೆ ಅದರ ಹೆಸರು, ಚರಿತ್ರೆ ಎಲ್ಲ ಹೇಳಿಯಾರು. ಮತ್ತೆ ನನಗೆಂತ ಉಳಿಯಿತು?"

ಅದರ ಹೆಸರು ನನಗೆ ಗೊತ್ತಿತ್ತು. ಹೇಳಲಿಲ್ಲ. ಬರುವ ರಜೆಗೆ ನಾವಿಬ್ಬರೇ ಎಲ್ಲಾದರೂ ಹೋಗುವ ಎಂದೆ. ಅಕ್ಕ ನಲ್ಲಿ ಬಿಟ್ಟು ಕೈ ತೊಳೆಯುತ್ತಾ, "ಪಾಸ್‌ಪೋರ್ಟ್ ನನ್ನ ಹತ್ತಿರವೇ ಉಂಟು" ಎಂದರು.

ಹೊರಗಿನ ಕೋಣೆಯಲ್ಲಿ ಸರ್ ಆಗಲೇ ಜಪಾನಿನ ಮೀನಿನ ಬಗ್ಗೆ ಶುರು ಮಾಡಿದ್ದರು. ಮಲ್ಪೆಯ ಬೋಟಿನವನ ಮಗನಾದ ನನ್ನ ಗಂಡ ಬಾಯಿ ತೆರೆದು ಕೇಳುತ್ತಿದ್ದ.